ಅರಿವೆಯೆತ್ತು: ಬೆಳಗಾವಿ-ಖಾನಾಪುರ ಸೀಮೆಯ ಒಂದು ಆಟಿಕೆಯ ಪೂರ್ವೋತ್ತರ

೧

ಶಿಲೆ, ತಾಮ್ರ, ಓಲೆಗರಿ ಇವುಗಳನ್ನು ಆಧಾರವಾಗಿಟ್ಟುಕೊಂಡು ನಾಡಿನ ಚರಿತ್ರೆಯನ್ನು ಬರೆಯುವುದಕ್ಕೆ ನಾವು ಅಭ್ಯಾಸಪಟ್ಟಿರುವೆವು. ಖಾನಾಪುರ ತಾಲ್ಲೂಕಿನ ಹಲಸಿಯಲ್ಲಿ ದೊರೆತ ತಾಮ್ರಶಾಸನಗಳಿಂದ ಕದಂಬರ ಪಲಾಶಿಕೆಯ ವೃತ್ತಾಂತವನ್ನೂ, ದೇಗಾವಿಯ ಕಮಲನಾರಾಯಣ ದೇವಾಲಯದಿಂದ ಗೋವೆಯ ಕದಂಬರ ರಾಣಿ ಕಮಲಾದೇವಿಯ ಧರ್ಮಕಾರ್ಯವನ್ನೂ ತಿಳಿದುಕೊಂಡಿರುವೆವು. ಆದರೆ ಅದೇ ಸೀಮೆಯ ತಾಯಿಯೊಬ್ಬಳು ಹಳೆಯ ಸೀರೆಯ ಚಿಂದಿಯಿಂದ ಮಗುವಿಗೊಂದು ಎತ್ತನ್ನೋ ಆನೆಯನ್ನೋ ಹೊಲಿದುಕೊಟ್ಟಳೆಂದರೆ, ಅದರ ಸಾಕ್ಷ್ಯವು ಎಲ್ಲಿ ಉಳಿದೀತು? ಆ ಆಟಿಕೆಯು ಒಂದೆರಡು ಮಕ್ಕಳ ಕೈಯಲ್ಲಿ ಸವೆದು, ಹರಿದು, ಕಡೆಗೆ ಒಲೆಯ ಮಸಿಯರಿವೆಯಾಗಿ ಹೋಗುವುದು. ದಾನಶಾಸನವು ಅದಕ್ಕಿಲ್ಲ, ವ್ರತಗ್ರಂಥದಲ್ಲಿ ಅದರ ಮಾತಿಲ್ಲ.

ಈ ವಿಷಯದಲ್ಲಿ ಎರಡು ಪಕ್ಷಗಳುಂಟು. ಅರಿವೆಯಿಂದ ಹೊಲಿದು ಒಳಗೆ ತುಂಬಿದ ಪ್ರಾಣಿಯು ಪೂರ್ಣವಾಗಿ ಪರದೇಶದ್ದು. ಬೆಳಗಾವಿಯ ದಂಡಿನ ಪೇಟೆಯಿಂದಲೂ, ಹೆಣ್ಣುಮಕ್ಕಳ ಶಾಲೆಗಳ ಹೊಲಿಗೆಯ ಪಾಠದಿಂದಲೂ ನಮ್ಮ ಮನೆಗಳನ್ನು ಸೇರಿತು ಎಂಬುದು ಒಂದು. ಚತುಷ್ಷಷ್ಟಿ ಕಲೆಗಳುಳ್ಳ ನಾಡಿಗೆ ಇದನ್ನು ಹೊರಗಿನವರು ಕಲಿಸಬೇಕಾಗಿರಲಿಲ್ಲ, ಎಲ್ಲವೂ ನಮ್ಮದೇ ಎಂಬುದು ಇನ್ನೊಂದು. ಪ್ರಕೃತ ಲೇಖಕನು ಬಹುಕಾಲ ಮೊದಲನೆಯ ಪಕ್ಷವನ್ನು ಹಿಡಿದಿದ್ದನು. ಸಭೆಗಳಲ್ಲಿ ಹಾಗೆಯೇ ಹೇಳಿಯೂ ಇದ್ದನು. ಆ ಮಾತನ್ನು ತಿದ್ದಿಕೊಳ್ಳಬೇಕಾಗಿ ಬಂದುದೇ ಈ ಬರಹಕ್ಕೆ ಕಾರಣ.

೨

ಮೊದಲು ಶಬ್ದಪ್ರಮಾಣವನ್ನು ನೋಡೋಣ. ಅಮರಸಿಂಹನು ತನ್ನ ಕೋಶದ ಶೂದ್ರವರ್ಗದಲ್ಲಿ, ಬಟ್ಟೆ ದಂತ ಮೊದಲಾದವುಗಳಿಂದ ಮಾಡಿದ ಬೊಂಬೆಗೆ ಪಾಂಚಾಲಿಕಾ, ಪುತ್ರಿಕಾ ಎಂಬ ಹೆಸರುಗಳನ್ನು ಕೊಟ್ಟಿರುವನು. ಹೊಲಿಯುವವನಿಗೆ ತುನ್ನವಾಯ, ಸೌಚಿಕ ಎಂಬ ಹೆಸರುಗಳೂ ಅದೇ ವರ್ಗದಲ್ಲಿವೆ. ಬೊಂಬೆಯ ದ್ರವ್ಯಗಳಲ್ಲಿ ವಸ್ತ್ರವನ್ನು ಸ್ಪಷ್ಟವಾಗಿ ಹೆಸರಿಸಿರುವುದರಿಂದ, ಅರಿವೆಯ ಬೊಂಬೆಯು ಕೋಶಕಾರನಿಗೆ ಚಿರಪರಿಚಿತವಾಗಿತ್ತೆಂದು ನಿಶ್ಚಯಿಸಬಹುದು.

ವಾತ್ಸ್ಯಾಯನನ ಕಾಮಸೂತ್ರದಲ್ಲಿ ಎಣಿಸಿದ ಅರುವತ್ತನಾಲ್ಕು ಕಲೆಗಳಲ್ಲಿ ಸೂಜಿಯ ಮತ್ತು ನೇಯ್ಗೆಯ ಕೆಲಸವೂ ಒಂದು, ಬಾಲಕ್ರೀಡನಕಗಳೂ ಒಂದು. ಅದೇ ಗ್ರಂಥವು ಮುಂದೆ ಹೆಣ್ಣುಮಕ್ಕಳ ಬೊಂಬೆಗಳ ಪ್ರಸ್ತಾಪವೆತ್ತಿ, ನೂಲು, ಮರ, ಕೊಂಬು, ದಂತ, ಮೇಣ, ಹಿಟ್ಟು, ಮಣ್ಣು ಇಷ್ಟನ್ನೂ ದ್ರವ್ಯಗಳಾಗಿ ಹೇಳುವುದು. ಮಹಾಭಾರತದ ವಿರಾಟಪರ್ವದಲ್ಲಿ ಉತ್ತರೆಯು ತನ್ನ ಸಖಿಯರೊಡನೆ ಬಂದು, ಕೌರವರನ್ನು ಗೆದ್ದು ಬರುವಾಗ ಬೊಂಬೆಗಳಿಗಾಗಿ ನಯವಾದ ಬಣ್ಣಬಣ್ಣದ ವಸ್ತ್ರಗಳನ್ನು ತರಬೇಕೆಂದು ಬೃಹನ್ನಳೆಯನ್ನು ಬೇಡಿದ ಪ್ರಸಂಗವು ವಾಚಕರಿಗೆ ವಿದಿತವೇ ಇದೆ. ಆ ವಸ್ತ್ರಗಳು ಬೊಂಬೆಗಳಿಗೆ ಉಡಿಸುವುದಕ್ಕೋ ಬೊಂಬೆಗಳನ್ನೇ ಮಾಡುವುದಕ್ಕೋ ಎಂಬುದನ್ನು ಮೂಲದಿಂದ ನಿರ್ಧರಿಸಲಾಗದು. ಆದರೆ ದೊಡ್ಡವರ ಉಡುಪಿನಲ್ಲಿ ಮಿಕ್ಕುದು ಮಕ್ಕಳ ಬೊಂಬೆಗೆ ಸಲ್ಲುವುದೆಂಬ ಲೋಕರೂಢಿಯು ಅಂದಿಗೂ ಇತ್ತೆಂಬುದು ಇದರಿಂದ ಸಿದ್ಧವಾಗುವುದು.

ಇಷ್ಟರಿಂದ ಎರಡನೆಯ ಪಕ್ಷದವರು ಹಿಗ್ಗಬಾರದು. ಪಾಂಚಾಲಿಕೆ, ಪುತ್ರಿಕೆ ಎಂಬಿವು ಮನುಷ್ಯಾಕಾರದವು. ಪುತ್ರಿಕೆಯೆಂಬ ಮಾತೇ ಚಿಕ್ಕ ಮಗಳೆಂಬ ಅರ್ಥವನ್ನು ಕೊಡುವುದು. ವಾತ್ಸ್ಯಾಯನನು ಆಡು ಕುರಿಗಳ ಪ್ರತಿಮೆಗಳನ್ನೂ ಹೇಳಿರುವನಾದರೂ, ಅವು ಅರಿವೆಯವೆಂದು ಹೇಳಲಿಲ್ಲ. ಆದುದರಿಂದ ಗ್ರಂಥಪ್ರಮಾಣವು ಅರಿವೆಯ ಬೊಂಬೆಯವರೆಗೆ ನಮ್ಮನ್ನು ಕರೆತಂದು, ಅರಿವೆಯ ಎತ್ತಿನ ಮುಂದೆ ಸುಮ್ಮನಾಗುವುದು.

ಕನ್ನಡದಲ್ಲಿ ಸೂಜಿಯ ಕೆಲಸಕ್ಕೆ ಒಳ್ಳೆಯ ವಂಶಾವಳಿಯೇ ಉಂಟು. ದರ್ಜಿಗೆ ಹಳಗನ್ನಡದಲ್ಲಿ ಚಿಪ್ಪಿಗನೆಂದು ಹೆಸರು. ಇಂದಿನ ಸಿಂಪಿಗ, ಸಿಂಪಿ ಎಂಬ ಮಾತುಗಳು ಅದರ ಬಂಧುಗಳು. ಹನ್ನೆರಡನೆಯ ಶತಮಾನದ ಶರಣರಲ್ಲಿ ಸೂಜಿಕಾಯಕದ ರಾಮಿತಂದೆ ಎಂಬವನೊಬ್ಬನಿದ್ದನು. ಸಂಸ್ಕೃತದ ಕಂಥಾ ಎಂಬುದು ನಮ್ಮಲ್ಲಿ ಕಂತೆಯಾಗಿ, ತೇಪೆಹಚ್ಚಿದ ಹೊದಿಕೆಯೆಂಬ ಅರ್ಥದಲ್ಲಿ ಬಳಕೆಗೊಂಡಿತು. ಉತ್ತರ ಕರ್ನಾಟಕದ ಮನೆಮನೆಗಳಲ್ಲಿರುವ ಕೌದಿಯು ಈ ಜಾತಿಯದೇ. ಹಳೆಯ ಸೀರೆ ಧೋತರಗಳನ್ನು ಪದರಪದರವಾಗಿ ಹಾಸಿ, ಮೇಲೆ ತುಂಡರಿವೆಗಳನ್ನು ಕೂಡಿಸಿ, ಒಂದೇ ಸಮನೆ ಟಾಕು ಹಾಕುತ್ತ ಹೋಗುವುದು ಅದರ ಕ್ರಮ. ಖಾನಾಪುರ, ಹಳಿಯಾಳ, ಯಲ್ಲಾಪುರಗಳ ಕಾಡಂಚಿನಲ್ಲಿರುವ ಸಿದ್ದಿ ಜನಾಂಗದ ಹೆಂಗಸರು ಕೌದಿಯನ್ನು ಅಂಚಿನಿಂದ ಆರಂಭಿಸಿ ಸುತ್ತುತ್ತ ನಡುವಿಗೆ ಬಂದು ಮುಗಿಸುವರು; ಮೂಲೆಗಳಲ್ಲಿ ಮಡಿಚಿದ ಅರಿವೆಯ ಹೂವನ್ನಿಡದೆ ಕೌದಿಯು ಪೂರ್ಣವಾಗದೆಂದು ಅವರು ಭಾವಿಸುವರು. ಇಲ್ಲಿ ಕಾಗದದ ಅಚ್ಚಿಲ್ಲ, ಅಳತೆಯ ಪಟ್ಟಿಯಿಲ್ಲ. ಕೈಗೆ ಸಿಕ್ಕಿದ ಚಿಂದಿಯೇ ರೂಪವನ್ನು ಗೊತ್ತುಮಾಡುವುದು. ಇದನ್ನು ನೆನಪಿನಲ್ಲಿಡಬೇಕು, ಮುಂದೆ ಪ್ರಯೋಜನಕ್ಕೆ ಬರುವುದು.

೩

ಇನ್ನು ವಸ್ತುಪ್ರಮಾಣ. ಮೊಹೆಂಜೊದಾರೊದಲ್ಲಿ ತಲೆಯಲ್ಲಾಡಿಸುವ ಮಣ್ಣಿನ ಎತ್ತಿನ ಆಟಿಕೆಯು ದೊರೆತಿರುವುದು. ನಮ್ಮ ಬೆಳಗಾವಿಯ ವಡಗಾವಿ-ಮಾಧವಪುರದಲ್ಲಿ ಅಗೆದಾಗ ಶಾತವಾಹನರ ಕಾಲದ ಪಟ್ಟಣದ ಅವಶೇಷಗಳು ಹೊರಬಿದ್ದವು. ಮಣ್ಣನ್ನು ಸುಟ್ಟರೆ ಅದು ಸಾವಿರಾರು ವರ್ಷ ಬಾಳುವುದು. ಅರಿವೆಯು ಮಲಪ್ರಭೆ ಹುಟ್ಟುವ ಕಣಕುಂಬಿಯ ಮಳೆಯಲ್ಲಿ ನಾಲ್ಕು ಕಾಲವೂ ಬಾಳದು. ಅರಿವೆಯ ಆಟಿಕೆ ನೆಲದಲ್ಲಿ ಉಳಿಯಬೇಕಾದರೆ ಅತಿಶುಷ್ಕವಾದ ಮರಳು ಬೇಕು, ಇಲ್ಲವೆ ಕರಗದ ಹಿಮ ಬೇಕು. ಈಜಿಪ್ಟಿನ ಮರಳಿನಲ್ಲಿ ರೋಮನರ ಕಾಲದ ಒಂದು ನಾರುಬಟ್ಟೆಯ ಬೊಂಬೆಯು, ಚಿಂದಿ ಮತ್ತು ಪಪೈರಸ್ ತುಂಬಿಸಿಕೊಂಡು ಉಳಿದು, ಈಗ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿದೆ. ಆಲ್ತಾಯ್ ಪರ್ವತದ ಪಾಜಿರಿಕ್ ಸಮಾಧಿಯ ಮಂಜುಗಡ್ಡೆಯಲ್ಲಿ, ಉಣ್ಣೆಯ ಕಂಬಳಿಬಟ್ಟೆಯಿಂದ ಹೊಲಿದು ಜಿಂಕೆಯ ಕೂದಲನ್ನು ತುಂಬಿದ ಹಂಸಗಳು ೧೯೪೯ರಲ್ಲಿ ದೊರೆತವು; ಅವು ಕ್ರಿಸ್ತಪೂರ್ವದವು. ಹೊಲಿದು ತುಂಬಿದ ಪ್ರಾಣಿಯ ಕಲ್ಪನೆಯು ಆಧುನಿಕ ಯುರೋಪಿನದೆಂಬ ಮಾತು ಇಷ್ಟರಿಂದಲೇ ಸಡಿಲವಾಗುವುದು. ಆದರೂ ಆ ಹಂಸಗಳು ಪ್ರೇತಕಾರ್ಯದವು, ಮಕ್ಕಳ ಆಟದವಲ್ಲ.

ನಮ್ಮ ಸೀಮೆಯಲ್ಲಿ ಎತ್ತಿನ ಪ್ರತಿಮೆಯೆಂದರೆ ಮಣ್ಣಿನದು. ಜ್ಯೇಷ್ಠದ ಅಮಾವಾಸ್ಯೆಗೆ ಮಣ್ಣೆತ್ತಿನ ಅಮಾವಾಸ್ಯೆಯೆಂದೇ ಹೆಸರು. ಅಂದು ಜೋಡಿ ಎತ್ತುಗಳನ್ನು ಮಾಡಿ ಪೂಜಿಸಿ ಬಳಿಕ ವಿಸರ್ಜಿಸುವರು. ಆಷಾಢದಲ್ಲಿ ಹೆಣ್ಣುಮಕ್ಕಳು ಮಣ್ಣಿನ ಗುಳ್ಳವ್ವನನ್ನು ಕೂರಿಸುವರು. ಖಾನಾಪುರದ ಜೇಡಿಮಣ್ಣು ಕುಂಬಾರಿಕೆಗೆ ಹೆಸರಾದುದು. ಖಾದಿ ಗ್ರಾಮೋದ್ಯೋಗದವರು ಗ್ರಾಮೀಣ ಕುಂಬಾರಿಕೆಯ ಶಿಕ್ಷಣಕ್ಕಾಗಿ ಆ ಊರನ್ನೇ ಆರಿಸಿಕೊಂಡರು. ಇಂಥ ಮಣ್ಣಿನ ನಾಡಿನಲ್ಲಿ ಅರಿವೆಯ ಎತ್ತು ಏತಕ್ಕೆ ಬೇಕಾಯಿತು? ಉತ್ತರವು ಸುಲಭ. ಮಣ್ಣಿನ ಎತ್ತು ದೇವರದು, ನೀರಿಗೆ ಬಿಡತಕ್ಕದ್ದು. ಕೆಳಗೆ ಬಿದ್ದರೆ ಒಡೆಯುವುದು, ಬಾಯಿಗಿಟ್ಟರೆ ಕರಗುವುದು. ಹಾಸಿಗೆಯಲ್ಲಿ ಮಗುವಿನ ಮಗ್ಗುಲಿಗೆ ಮಲಗಬಲ್ಲುದು ಅರಿವೆಯದೊಂದೇ. ಧಾರ್ಮಿಕ ವಿನಿಯೋಗವಿಲ್ಲದುದರಿಂದಲೇ ಅದನ್ನು ಯಾರೂ ಬರೆದಿಡಲಿಲ್ಲ. ಬರೆದಿಡದುದನ್ನು ಇರಲಿಲ್ಲವೆಂದು ಹೇಳುವುದು ನ್ಯಾಯವಲ್ಲ. ಆದರೆ ಇತ್ತೆಂದು ಹೇಳುವುದಕ್ಕೂ ಪ್ರಮಾಣ ಬೇಕು.

೪

ಪರದೇಶದ ಕಥೆಯನ್ನೂ ಸತ್ಯವಾಗಿ ಹೇಳಬೇಕು. ಜರ್ಮನಿಯ ಗೀಂಗನ್ ಎಂಬ ಊರಿನಲ್ಲಿ ಮಾರ್ಗರೆಟೆ ಸ್ಟೈಫ್ ಎಂಬ ಹೊಲಿಗೆಯ ಹೆಂಗಸು ೧೮೮೦ರಲ್ಲಿ ಉಣ್ಣೆಬಟ್ಟೆಯ ಚಿಕ್ಕ ಆನೆಗಳನ್ನು ಮಾಡಿದಳು. ಬಾಲ್ಯದಲ್ಲಿ ಪೋಲಿಯೋ ತಗುಲಿ ಆಕೆ ಚಕ್ರದ ಕುರ್ಚಿಯಲ್ಲಿಯೇ ಬಾಳಿದವಳು. ಆ ಆನೆಗಳು ಆಟಿಕೆಗಳಾಗಿರಲಿಲ್ಲ, ಸೂಜಿ ಚುಚ್ಚಿಡುವ ಮೆತ್ತೆಗಳಾಗಿದ್ದವು. ಮಕ್ಕಳು ಅವುಗಳನ್ನು ಎತ್ತಿಕೊಂಡು ಆಡತೊಡಗಿದುದರಿಂದ ಆಟಿಕೆಗಳಾದವು. ೧೯೦೨ರ ನವೆಂಬರಿನಲ್ಲಿ ಅಮೇರಿಕದ ಅಧ್ಯಕ್ಷ ರೂಸ್‌ವೆಲ್ಟನು ಕಟ್ಟಿಹಾಕಿದ ಕರಡಿಯನ್ನು ಕೊಲ್ಲಲೊಲ್ಲದೆ ಹೋದ ಪ್ರಸಂಗವು ವ್ಯಂಗ್ಯಚಿತ್ರವಾಗಿ ಪ್ರಕಟವಾಯಿತು. ಅದನ್ನು ಕಂಡು ಬ್ರೂಕ್ಲಿನ್ನಿನ ಮಾರಿಸ್ ಮಿಕ್ಟಮ್ ಎಂಬ ಅಂಗಡಿಕಾರನು ಕರಡಿಯ ಬೊಂಬೆಗಳನ್ನು ಮಾರತೊಡಗಿದನು. ಅದೇ ಸುಮಾರಿಗೆ ಮಾರ್ಗರೆಟೆಯ ಸೋದರಳಿಯ ರಿಚರ್ಡನೂ ಕರಡಿಯನ್ನು ರಚಿಸಿದನು. ೧೯೦೩ರಲ್ಲಿ ಲೈಪ್ಸಿಗ್ಗಿನ ಜಾತ್ರೆಯಲ್ಲಿ ಅದನ್ನು ಮಾರಾಟಕ್ಕೆ ಇಟ್ಟರು. ಟೆಡ್ಡಿ ಕರಡಿಯ ಹುಟ್ಟು ಹೀಗೆ.

ಈ ಪಾಶ್ಚಾತ್ಯ ವಿಧಾನದ ತಿರುಳು ಕಾಗದದ ಅಚ್ಚು. ಪ್ರಾಣಿಯ ಎರಡು ಮಗ್ಗುಲುಗಳನ್ನು ಅಚ್ಚಿನಂತೆ ಕತ್ತರಿಸಿ, ಅವುಗಳ ನಡುವೆ ಹೊಟ್ಟೆಯ ಪಟ್ಟಿಯೊಂದನ್ನು ಸೇರಿಸಿ, ಒಳಮೈ ಹೊರಗಾಗಿ ಹೊಲಿದು, ಬಿಟ್ಟ ಸಂದಿನಿಂದ ಮಗುಚಿ, ಕಾಲುಗಳಿಂದ ಮೊದಲ್ಗೊಂಡು ಅರಳೆಯನ್ನು ತುಂಬಿ, ಕಡೆಗೆ ಸಂದನ್ನು ಕಾಣದ ಟಾಕಿನಿಂದ ಮುಚ್ಚಬೇಕು. ಹೊಟ್ಟೆಯ ಪಟ್ಟಿಯಲ್ಲಿಯೇ ನಾಲ್ಕು ಕಾಲುಗಳ ಒಳಮೈಯೂ ಸೇರಿರುವುದರಿಂದ ಕಾಲುಗಳು ಅಗಲವಾಗಿ, ಪ್ರಾಣಿಯು ನಿಲ್ಲುವುದು. ಎರಡೇ ತುಂಡುಗಳಿಂದ ಮಾಡಿದುದು ಚಪ್ಪಟೆಯಾಗಿ ಮಲಗುವುದಲ್ಲದೆ ನಿಲ್ಲಲಾರದು. ಲಂಡನ್ ಮಿಷನ್ನಿನವರು ಬೆಳಗಾವಿಗೆ ಬಂದುದು ೧೮೨೦ರಲ್ಲಿ. ಬಳಿಕ ಈ ಪ್ರಾಂತದ ಹೆಣ್ಣುಮಕ್ಕಳ ಶಾಲೆಗಳಲ್ಲಿ ಹೊಲಿಗೆಯು ಪಾಠವಾಯಿತು; ಅಚ್ಚಿಟ್ಟು ಕತ್ತರಿಸುವ ಅಭ್ಯಾಸವು ಈ ದಾರಿಯಿಂದ ಬಂದಿತೆಂದು ಒಪ್ಪಲು ಅಡ್ಡಿಯಿಲ್ಲ. ಮೊದಲನೆಯ ಪಕ್ಷದ ಬಲವೆಲ್ಲವೂ ಇಲ್ಲಿದೆ.

೫

ಇಷ್ಟಾದ ಮೇಲೆ ದೊರೆತ ಒಂದು ವಸ್ತುವಿನ ವಿಚಾರವನ್ನು ನಿವೇದಿಸುವೆನು. ಖಾನಾಪುರದಲ್ಲಿರುವ ನನ್ನ ಸೋದರತ್ತೆಯವರಿಗೆ ಎಂಬತ್ತು ದಾಟಿದೆ. ಅವರ ಮನೆಯಲ್ಲಿ ಒಂದು ಗೇಣಿನ ಅರಿವೆಯೆತ್ತು ಇದೆ. ಮೈ ಕಂದುಬಣ್ಣದ ದಪ್ಪ ಬಟ್ಟೆಯದು. ಕಿವಿಗಳು ಗುಳೇದಗುಡ್ಡದ ಖಣದ ಚೂರುಗಳವು. ಕಣ್ಣುಗಳಿಗೆ ಗುಂಡಿ ಹಚ್ಚದೆ ಕಪ್ಪುದಾರದಿಂದ ಕಸೂತಿಯ ಮೆಂತಿ ಟಾಕು ಹಾಕಿದೆ. ಹೊಟ್ಟೆಯ ಪಟ್ಟಿಯುಳ್ಳುದು, ನಾಲ್ಕು ಕಾಲಿನ ಮೇಲೆ ನಿಲ್ಲುವುದು. ಇದು ಶಾಲೆಯ ವಿದ್ಯೆಯೆಂದು ನಾನು ಬಹುಕಾಲದಿಂದ ಹೇಳುತ್ತಿದ್ದೆನು. ಹೌದು, ಬೆಳಗಾವಿಯ ಶಾಲೆಯಲ್ಲಿ ಓದುವಾಗ ಹೊಲಿದುದು ಎಂದು ಅವರೂ ಹೇಳುತ್ತಿದ್ದರು.

ಒಂದು ದಿನ ಅವರ ಮರಿಮಗಳ ಎಳೆದಾಟದಲ್ಲಿ ಎತ್ತಿನ ಹೊಟ್ಟೆಯ ಹೊಲಿಗೆ ಬಿರಿಯಿತು. ಒಳಗೆ ಏನು ತುಂಬಿದೆಯೆಂದು ನೋಡುವ ಆಸೆಯಿಂದ ನಾನು ಸಂದನ್ನು ಇನ್ನಷ್ಟು ಬಿಚ್ಚಿದೆನು. ಬೆಳವಲದ ಕಡೆಯವರು ಹತ್ತಿಯನ್ನು, ಮಲೆಯ ಕಡೆಯವರು ಬೂರುಗದ ಅರಳೆಯನ್ನು ದಿಂಬಿಗೆ ತುಂಬುವರು. ಇವೆರಡರಲ್ಲಿ ಒಂದನ್ನು ನಿರೀಕ್ಷಿಸಿದ್ದೆನು. ಆದರೆ ಅಲ್ಲಿ ಅರಳೆಯು ತೆಳುವಾದ ಒಂದು ಪದರ ಮಾತ್ರವಿದ್ದು, ಅದರೊಳಗೆ ಇನ್ನೊಂದು ಎತ್ತು ಇದ್ದಿತು.

ಆ ಒಳಗಿನ ಎತ್ತಿಗೆ ಕತ್ತರಿಯ ಸ್ಪರ್ಶವೇ ಇಲ್ಲ. ಇಳಕಲ್ ಸೀರೆಯ ಹರಕನ್ನು ಬಿಗಿಯಾಗಿ ಸುರುಳಿ ಸುತ್ತಿ ಮೈ ಮಾಡಿದೆ. ಅಡ್ಡಲಾಗಿ ಎರಡು ಚಿಕ್ಕ ಸುರುಳಿಗಳನ್ನು ಹಾಯಿಸಿ ಕೆಳಗೆ ಬಾಗಿಸಿ ನಾಲ್ಕು ಕಾಲುಗಳಾಗಿವೆ. ತಲೆಗೆ ತುದಿಯನ್ನೇ ಮಡಿಚಿ, ಕೊಂಬುಗಳಿಗೆ ಗಂಟು ಹಾಕಿದೆ. ಇಷ್ಟನ್ನೂ ದಪ್ಪ ದಾರದಿಂದ ಸುತ್ತಿ ಬಿಗಿದು, ಮೇಲೆ ದಬ್ಬಣದಿಂದ ಹಾಕಿದ ಉದ್ದ ಟಾಕುಗಳು ಕೌದಿಯ ಟಾಕುಗಳೇ ಆಗಿವೆ. ಅತ್ತೆಯವರಿಗೆ ತೋರಿಸಿದಾಗ, ಅವರು ಕೆಲಕಾಲ ನೋಡುತ್ತಿದ್ದು, ಅದು ತಮ್ಮ ತಾಯಿ ಕಟ್ಟಿಕೊಟ್ಟುದೆಂದೂ, ತಾವು ಶಾಲೆಯಲ್ಲಿ ಹೊಲಿಗೆ ಕಲಿತ ಮೇಲೆ ಅದನ್ನು ಎಸೆಯಲು ಮನಸ್ಸಾಗದೆ ಅದರ ಮೇಲೆಯೇ ಹೊಸ ಮೈ ಹೊಲಿದುದಾಗಿಯೂ ನೆನಪುಮಾಡಿಕೊಂಡರು. ಅವರ ತಾಯಿ, ಎಂದರೆ ನನ್ನ ಅಜ್ಜಿಯು, ಶಾಲೆಯ ಮೆಟ್ಟಿಲನ್ನು ಹತ್ತಿದವರಲ್ಲ. ಟೆಡ್ಡಿ ಕರಡಿಯನ್ನು ಕಂಡವರೂ ಅಲ್ಲ.

೬

ಒಂದು ವಸ್ತುವಿನಿಂದ ಸಿದ್ಧಾಂತವನ್ನು ಕಟ್ಟಬಾರದೆಂಬುದನ್ನು ಬಲ್ಲೆನು. ಆದರೂ ಅದು ತೋರಿಸುವಷ್ಟನ್ನು ಹೇಳಬಹುದು. ನಮ್ಮಲ್ಲಿ ಎರಡು ವಿದ್ಯೆಗಳು ಬೇರೆಬೇರೆಯಾಗಿದ್ದವು. ಸುತ್ತಿ ಕಟ್ಟುವುದು ಒಂದು. ಕತ್ತರಿಸಿ ಹೊಲಿದು ತುಂಬುವುದು ಇನ್ನೊಂದು. ಮೊದಲನೆಯದು ಕೌದಿಯ ಮನೆತನದ್ದು, ಎರಡನೆಯದು ಶಾಲೆಯದು. ನಿಲ್ಲುವ ಕಾಲನ್ನು ಎರಡನೆಯದು ಕೊಟ್ಟಿತು. ಅದರೆ ಹರಕನ್ನು ಬಿಸುಡದೆ ಅದಕ್ಕೊಂದು ಪ್ರಾಣಿಯ ರೂಪಕೊಡುವ ಬುದ್ಧಿಯನ್ನು ಅದು ಕಲಿಸಬೇಕಾಗಿರಲಿಲ್ಲ. ಅರಿವೆಯ ಪ್ರಾಣಿಯೆಲ್ಲವೂ ಪರದೇಶದ್ದೆಂಬ ನನ್ನ ಮೊದಲಿನ ಮಾತನ್ನು ಇದರಿಂದ ಹಿಂತೆಗೆದುಕೊಂಡಿರುವೆನು. ಎಲ್ಲವೂ ನಮ್ಮದೆಂಬ ಮಾತನ್ನೂ ಅಂಗೀಕರಿಸಲಾರೆನು. ಮಾರ್ಗರೆಟೆಯ ಆನೆಯೂ ಹೊಲಿಗೆಯವಳ ಮೆತ್ತೆಯಿಂದಲೇ ಹುಟ್ಟಿತೆಂಬುದನ್ನು ನೆನೆದರೆ, ಸೂಜಿ ಹಿಡಿದ ಕೈಯ ಬಳಿ ಮಗುವಿದ್ದೆಡೆಯಲ್ಲೆಲ್ಲ ಈ ಆಟಿಕೆಯು ತಾನಾಗಿ ಹುಟ್ಟಬಹುದೆಂದು ತೋರುವುದು. ಕಣ್ಣಿಗೆ ಗುಂಡಿಯ ಬದಲು ದಾರವನ್ನು ಹಾಕಿದುದರಲ್ಲಿರುವ ವಿವೇಕವನ್ನೂ ಗಮನಿಸಬೇಕು; ಗುಂಡಿಯನ್ನು ಮಗು ಕಿತ್ತು ನುಂಗೀತೆಂಬ ಎಚ್ಚರ ಅದು. ೨೦೨೧ರ ಜನವರಿ ೧ರಿಂದ ಭಾರತದಲ್ಲಿ ಅಂಗಡಿಯ ಆಟಿಕೆಗಳಿಗೆ ಸುರಕ್ಷತೆಯ ಗುರುತನ್ನು ಕಡ್ಡಾಯಮಾಡಿದುದರ ಹಿಂದೆಯೂ ಇಂಥದೇ ಎಚ್ಚರವಿದೆ.

ಅಧ್ಯಾಪಕರಲ್ಲಿ ನನ್ನದೊಂದು ವಿಜ್ಞಾಪನೆ. ಕೌದಿ ಹೊಲಿಯಬಲ್ಲ ವೃದ್ಧೆಯರು ಇನ್ನೂ ಇರುವರು. ಅವರು ಸುರುಳಿಗೆ, ಗಂಟಿಗೆ, ಟಾಕಿಗೆ ಆಡುವ ಮಾತುಗಳನ್ನು ವಿದ್ಯಾರ್ಥಿಗಳಿಂದ ಬರೆಯಿಸಿಕೊಳ್ಳಬೇಕು. ಬೆಳಗಾವಿಯಲ್ಲಿ ಕನ್ನಡ ಮರಾಠಿಗಳೆರಡೂ ಒಂದೇ ಮನೆಯಲ್ಲಿ ಓಡಾಡುವುದರಿಂದ ಎರಡರ ಮಾತುಗಳನ್ನೂ ಬಿಡದೆ ಬರೆಯಬೇಕು. ಹಳೆಯ ಆಟಿಕೆ ಹರಿದಿದ್ದರೆ ಬಿಸುಡುವ ಮೊದಲು ಅದರ ಒಳಗನ್ನು ನೋಡಬೇಕು.

ಖಾನಾಪುರದ ಎತ್ತನ್ನು ಯಾವುದಾದರೊಂದು ವಸ್ತುಸಂಗ್ರಹಾಲಯಕ್ಕೆ ಕೊಡಬೇಕೆಂದು ನಾನು ಸೂಚಿಸಿದೆನು. ಅತ್ತೆಯವರು ಒಪ್ಪಲಿಲ್ಲ. "ಬಿಚ್ಚಿದಾಂವನ ಹೊಲೀಬೇಕಪ್ಪಾ, ನಾಳೆ ಕೂಸು ಕೇಳ್ತದ" ಎಂದು ಸೂಜಿದಾರವನ್ನು ನನ್ನ ಕೈಗೆ ಕೊಟ್ಟರು. ಒಳಗಿನ ಎತ್ತಿನ ಅಳತೆಯನ್ನೂ ಕಟ್ಟುಗಳ ಚಿತ್ರವನ್ನೂ ಬರೆದುಕೊಂಡು, ಅದನ್ನು ಇದ್ದಂತೆಯೇ ಒಳಗಿಟ್ಟು ಹೊಲಿದಿರುವೆನು. ನನ್ನ ಟಾಕುಗಳು ಸೊಟ್ಟಗಿವೆ. ಮುಂದೆ ಇದನ್ನು ಪರಿಶೀಲಿಸುವ ವಿದ್ವಾಂಸರು ಅವುಗಳನ್ನು ಮೂರನೆಯ ಕಾಲದ ಹೊಲಿಗೆಯೆಂದು ಗುರುತಿಸಿಕೊಳ್ಳಬೇಕು.