ಮೈಯೇ ಕಾಲುವೆ

“ಓತಿಕೇತನಿಗೆ ಬೇಲಿಗೂಟ ಸಾಕ್ಷಿ” ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ಆ ಬಡಪ್ರಾಣಿಗೆ ನಮ್ಮ ಹಿರಿಯರು ಕೊಟ್ಟ ಸ್ಥಾನ ಅಷ್ಟೆ: ನಂಬಬಾರದವರ ಪಟ್ಟಿಯಲ್ಲಿ ಒಂದು ಹೆಸರು. ಮಳೆಯ ಹನಿಯನ್ನಲ್ಲದೆ ಬೇರೆ ನೀರನ್ನು ಮುಟ್ಟದೆಂದು ಚಾತಕಪಕ್ಷಿಯನ್ನು ಹೊಗಳಿದ ಕವಿಗಳು, ಬೇಲಿಯ ಮೇಲೆ ಕುಳಿತು ಬಿಸಿಲು ಕಾಯುವ ಈ ಜೀವಿ ನೀರನ್ನು ಎಲ್ಲಿ ಕುಡಿಯುತ್ತದೆಂದು ವಿಚಾರಿಸುವ ಗೋಜಿಗೆ ಹೋಗಲಿಲ್ಲ. ಜಯನಗರದ ನಿಮ್ಮ ಮನೆಯ ದಾಸವಾಳದ ಗಿಡದಲ್ಲಿ ಅದನ್ನು ನೀವು ನೋಡಿಯೇ ಇರುತ್ತೀರಿ. ಗಿಡಕ್ಕೆ ನೀರು ಹಾಕಿದ ಮೇಲೆ ಒಂದು ಗಳಿಗೆ ತಾಳ್ಮೆಯಿಂದ ನಿಂತರೆ, ಎಲೆಯ ಮೇಲಿನ ಹನಿಯನ್ನು ಅದು ನಾಲಗೆಯಿಂದ ನೆಕ್ಕುವುದನ್ನೂ ನೋಡಬಹುದು. ಆದರೆ ಎಲೆಯೂ ಹನಿಯೂ ಅಪರೂಪವಾದ ಮರುಭೂಮಿಯಲ್ಲಿರುವ ಅದರ ದಾಯಾದಿಗಳ ಗತಿಯೇನು? ಈ ಪ್ರಶ್ನೆಗೆ ಸರಿಯಾದ ಉತ್ತರ ದೊರೆಯಲು ನೂರಿಪ್ಪತ್ತು ವರ್ಷ ಹಿಡಿಯಿತು. ಆ ಚರಿತ್ರೆಯಲ್ಲಿ ನಮ್ಮ ಬೆಂಗಳೂರಿಗೂ ಒಂದು ಪಾಠವಿದೆಯೆಂದು ತೋರಿದ್ದರಿಂದ ಅದನ್ನು ನಿಮ್ಮ ಮುಂದೆ ಇಡುತ್ತಿದ್ದೇನೆ.

ಆಸ್ಟ್ರೇಲಿಯ ಖಂಡದ ಒಣನಾಡಿನಲ್ಲಿ ಗೇಣುದ್ದದ ಒಂದು ಓತಿ ಇದೆ. ನಮ್ಮ ಓತಿಕೇತದ ಕುಲಕ್ಕೇ ಸೇರಿದ್ದು. ತಲೆಯಿಂದ ಬಾಲದವರೆಗೆ ಮೈಯೆಲ್ಲ ಮುಳ್ಳು. 1841ರಲ್ಲಿ ಬ್ರಿಟಿಷ್ ಮ್ಯೂಸಿಯಮ್ಮಿನ ಜಾನ್ ಎಡ್ವರ್ಡ್ ಗ್ರೇ ಎಂಬ ಪಂಡಿತರು ಇದನ್ನು ವರ್ಣಿಸಿ, ಮಕ್ಕಳ ಬಲಿಯನ್ನು ಬೇಡುತ್ತಿದ್ದನೆಂದು ಪುರಾತನ ಕಥೆಗಳು ಹೇಳುವ ‘ಮೋಲೊಕ್’ ದೇವತೆಯ ಹೆಸರನ್ನು ಇಟ್ಟರು. ಹೆಸರು ಘೋರವಾದರೂ ಪ್ರಾಣಿ ಮಹಾಸಾಧು. ಇರುವೆಗಳನ್ನಲ್ಲದೆ ಬೇರೇನನ್ನೂ ತಿನ್ನದು. ಇದನ್ನು ನೀರಿನ ತಟ್ಟೆಯಲ್ಲಿ ನಿಲ್ಲಿಸಿದರೆ ಬಾಯಿ ನೀರಿಗೆ ತಾಕದೆಯೇ ನೀರು ಕಾಲನ್ನು ಹತ್ತಿ, ಬೆನ್ನನ್ನು ಹತ್ತಿ, ಮೈಯೆಲ್ಲ ಒದ್ದೆಯಾಗುತ್ತಿತ್ತು. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಇದನ್ನು ಕಂಡವರು, ಒತ್ತುಕಾಗದ ಮಸಿಯನ್ನು ಹೀರಿದಂತೆ ಇದರ ಚರ್ಮ ನೀರನ್ನು ಒಳಕ್ಕೆ ಹೀರುತ್ತದೆಂದು ತೀರ್ಮಾನಿಸಿದರು. ಕಪ್ಪೆ ಹಾಗೆ ಚರ್ಮದಿಂದಲೇ ನೀರು ಕುಡಿಯುವುದು ತಿಳಿದ ವಿಷಯವಾದ್ದರಿಂದ ಯಾರಿಗೂ ಸಂಶಯ ಬರಲಿಲ್ಲ.

ಸಂಶಯಪಟ್ಟವರು ಬೆಂಟ್ಲಿ ಮತ್ತು ಬ್ಲೂಮರ್ ಎಂಬ ಇಬ್ಬರು ವಿಜ್ಞಾನಿಗಳು. ಓತಿಯ ಚರ್ಮ ಕಪ್ಪೆಯ ಚರ್ಮದಂತಲ್ಲ. ಒಳಗಿನ ನೀರು ಹೊರಗೆ ಹೋಗದಂತೆ ಕಾಯುವುದೇ ಅದರ ಕೆಲಸ. ಒಳಗಿನದನ್ನು ಹೊರಗೆ ಬಿಡದ ಗೋಡೆ ಹೊರಗಿನದನ್ನು ಒಳಗೆ ಬಿಟ್ಟೀತೆ? ಅವರು ಪರೀಕ್ಷಿಸಿ, 1962ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಉತ್ತರವನ್ನು ಪ್ರಕಟಿಸಿದರು. ಚರ್ಮ ನೀರನ್ನು ಹೀರುವುದೇ ಇಲ್ಲ. ಹೆಂಚಿನಂತೆ ಒಂದರ ಮೇಲೊಂದು ಸರಿದು ಕುಳಿತ ಹುರುಪೆಗಳ ನಡುವೆ ಕೂದಲೆಳೆಯಂಥ ಸೂಕ್ಷ್ಮವಾದ ಕಾಲುವೆಗಳಿವೆ. ಅವು ಒಂದಕ್ಕೊಂದು ಕೂಡಿಕೊಂಡು ಮೈತುಂಬ ಬಲೆಯಾಗಿ ಹರಡಿ, ಕೊನೆಗೆ ಬಾಯಿಯ ಅಂಚಿಗೆ ಬಂದು ಸೇರುತ್ತವೆ. ನೀರು ಚರ್ಮದೊಳಕ್ಕೆ ಹೋಗದೆ, ಚರ್ಮದ ಮೇಲೆಯೇ ಪ್ರಯಾಣ ಮಾಡಿ ಬಾಯಿಗೆ ಬರುತ್ತದೆ!

ಏತವಿಲ್ಲದೆ, ಕಪಿಲೆಯಿಲ್ಲದೆ ನೀರು ಮೇಲಕ್ಕೆ ಏರುವುದು ಹೇಗೆ ಎಂದು ನೀವು ಕೇಳಬಹುದು. ದೇವರ ಮುಂದಿನ ದೀಪವನ್ನು ನೋಡಿ. ಎಣ್ಣೆ ಹಣತೆಯ ತಳದಲ್ಲಿದೆ, ಉರಿ ಬತ್ತಿಯ ತುದಿಯಲ್ಲಿದೆ. ಬತ್ತಿಯ ಎಳೆಗಳ ಸಂದಿನಲ್ಲಿ ಎಣ್ಣೆ ತಾನಾಗಿ ಏರುತ್ತದೆ. ತುದಿಯಲ್ಲಿ ಸುಟ್ಟಷ್ಟೂ ಕೆಳಗಿನಿಂದ ಬರುತ್ತದೆ. ಓತಿಯ ಮೈಯಲ್ಲಿ ನಡೆಯುವುದೂ ಇದೇ. ಅದು ದವಡೆಗಳನ್ನು ಆಡಿಸಿ ಬಾಯಂಚಿನ ನೀರನ್ನು ನುಂಗಿದಂತೆ, ತೆರವಾದ ಜಾಗಕ್ಕೆ ಹಿಂದಿನ ನೀರು ಬಂದು ನಿಲ್ಲುತ್ತದೆ. 2016ರಲ್ಲಿ ಪ್ರಕಟವಾದ ಅಳತೆಗಳಂತೆ, ಈ ಕಾಲುವೆಗಳು ತುಂಬಲು ಪ್ರಾಣಿಯ ತೂಕದ ನೂರಕ್ಕೆ ಮೂರು ಪಾಲಿಗಿಂತ ಸ್ವಲ್ಪ ಹೆಚ್ಚು ನೀರು ಬೇಕು. ನಲವತ್ತು ಗ್ರಾಂ ತೂಗುವ ಓತಿಗೆ ಸುಮಾರು ಒಂದೂಕಾಲು ಗ್ರಾಂ. ಮಡುವಿನಲ್ಲಿ ನಿಂತರೆ ಕಾಲುವೆ ತುಂಬಿ ಅದು ನೀರು ಕುಡಿಯುತ್ತದೆ. ಒದ್ದೆ ಮರಳಿನಲ್ಲಿ ನಿಂತರೆ ಕಾಲುವೆ ನೂರಕ್ಕೆ ಅರವತ್ತರಷ್ಟೂ ತುಂಬದು, ಕುಡಿಯಲು ಸಾಲದು. ಅಮೆರಿಕದ ಮರುಭೂಮಿಯ ಕೊಂಬಿನ ಓತಿಯದು ಮತ್ತೂ ಚೆಲುವಾದ ಉಪಾಯ. ಮಳೆ ಬಂದಾಗ ಅದು ಕಾಲು ಚಾಚಿ, ಬೆನ್ನನ್ನು ಬಾಗಿಸಿ, ಮೈಯನ್ನು ಅಗಲಿಸಿ, ತಲೆಯನ್ನು ತಗ್ಗಿಸಿ ನಿಲ್ಲುತ್ತದೆ. ಬೆನ್ನೇ ಮಾಳಿಗೆ, ಹುರುಪೆಯ ಸಂದೇ ದೋಣಿ, ಬಾಯೇ ತೊಟ್ಟಿ.

ಈ ಚರಿತ್ರೆಯಲ್ಲಿ ನನ್ನ ಮನಸ್ಸನ್ನು ಹಿಡಿದದ್ದು ಆ ತಪ್ಪು ತೀರ್ಮಾನ. ಒದ್ದೆಯಾದ ಮೈಯನ್ನು ಕಂಡವರು ಮೈಯೇ ನೀರು ಕುಡಿಯುತ್ತದೆಂದು ನಂಬಿದರು; ನೀರನ್ನು ಬಾಯಿಗೆ ಒಯ್ಯುವ ಸಣ್ಣ ದಾರಿ ಅವರ ಕಣ್ಣಿಗೆ ಬೀಳಲಿಲ್ಲ. ವಾಚಕರೇ, ನಮ್ಮ ಊರಿನ ವಿಷಯದಲ್ಲಿ ನಾವು ಮಾಡಿದ ತಪ್ಪೂ ಇಂಥದೇ.

ಬೆಂಗಳೂರು ಮರುಭೂಮಿಯಲ್ಲ, ನಿಜ. ವರ್ಷಕ್ಕೆ ಸುಮಾರು 90 ಸೆಂಟಿಮೀಟರು ಮಳೆ ಬೀಳುತ್ತದೆ. ಆದರೆ ಸಮುದ್ರಮಟ್ಟದಿಂದ 900 ಮೀಟರಿಗೂ ಎತ್ತರವಾದ ದಿಣ್ಣೆಯ ಮೇಲೆ ಕುಳಿತ ಈ ಊರಿಗೆ ದೊಡ್ಡ ನದಿಯೆಂಬುದಿಲ್ಲ. ಬಸವನಗುಡಿಯ ನಂದಿಯ ಪಾದದಲ್ಲಿ ಹುಟ್ಟುವಳೆಂದು ಹೇಳುವ ವೃಷಭಾವತಿ ಪಶ್ಚಿಮಕ್ಕೆ ಇಳಿದು ಅರ್ಕಾವತಿಯ ಮೂಲಕ ಕಾವೇರಿಗೆ ಸೇರುತ್ತಾಳೆ. ದಿಣ್ಣೆಯ ಇನ್ನೊಂದು ಮಗ್ಗುಲಿನ ನೀರು ಕೋರಮಂಗಲದ ಕಣಿವೆ ಹಿಡಿದು ಬೆಳ್ಳಂದೂರಿನತ್ತ ಹೋಗಿ ದಕ್ಷಿಣ ಪಿನಾಕಿನಿಗೆ ಕೂಡುತ್ತದೆ. ದಿಣ್ಣೆಯ ಮೇಲೆ ಬಿದ್ದ ಮಳೆ ನಿಲ್ಲದು. 1537ರಲ್ಲಿ ಇಲ್ಲಿ ಕೋಟೆ ಕಟ್ಟಿದರೆಂದು ಹೇಳಲಾಗುವ ಕೆಂಪೇಗೌಡರೂ ಅವರ ಹಿಂದುಮುಂದಿನ ಹಳ್ಳಿಗರೂ ಇದನ್ನು ಬಲ್ಲವರಾಗಿದ್ದರು. ಆದ್ದರಿಂದಲೇ ಕೆಂಪಾಂಬುಧಿ, ಧರ್ಮಾಂಬುಧಿಗಳು. ಆದ್ದರಿಂದಲೇ ಯಡಿಯೂರು, ಬೈರಸಂದ್ರ, ಸಾರಕ್ಕಿ, ಪುಟ್ಟೇನಹಳ್ಳಿ, ಮಡಿವಾಳ, ಅಗರದ ಕೆರೆಗಳು.

ಕೆರೆಯೆಂದರೆ ಬರಿಯ ಹೊಂಡವಲ್ಲ. ಸುತ್ತಿನ ಇಳಿಜಾರಿನ ನೀರನ್ನು ಕಾಲುವೆಗಳು ಕೂಡಿಸಿ ತರುತ್ತಿದ್ದವು. ಏರಿ ಅದನ್ನು ತಡೆಯುತ್ತಿತ್ತು. ತೂಬಿನಿಂದ ಗದ್ದೆಗೆ ಹೋಗುತ್ತಿತ್ತು. ಹೆಚ್ಚಾದದ್ದು ಕೋಡಿ ಬಿದ್ದು, ರಾಜಕಾಲುವೆ ಹಿಡಿದು ಕೆಳಗಿನ ಊರಿನ ಕೆರೆಗೆ ನಡೆಯುತ್ತಿತ್ತು. ತೂಬು ಎತ್ತಿ ಇಳಿಸಿ, ಸರದಿಯಂತೆ ನೀರು ಹಂಚಲು ನೀರುಗಂಟಿ ಇರುತ್ತಿದ್ದ. ಓತಿಯ ಮೈಯಲ್ಲಿ ನೀರು ಸೂಕ್ಷ್ಮ ಸಂದಿನ ಸೆಳೆತದಿಂದ ಏರುತ್ತದೆ, ಇಲ್ಲಿ ಇಳಿಜಾರಿನಿಂದ ಹರಿಯುತ್ತದೆ; ಭೇದ ಅಷ್ಟೆ. ಎರಡು ಕಡೆಯೂ ಜೀವ ಇರುವುದು ದಾರಿಯಲ್ಲಿ.

ಆಮೇಲೆ ಕೊಳಾಯಿ ಬಂದಿತು. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ, 1890ರ ದಶಕದಲ್ಲಿ, ಹೆಸರಘಟ್ಟದ ನೀರು, 1933ರಲ್ಲಿ ತಿಪ್ಪಗೊಂಡನಹಳ್ಳಿಯ ನೀರು, 1974ರಲ್ಲಿ ಕಾವೇರಿ. ಸುಮಾರು 100 ಕಿಲೋಮೀಟರು ದೂರದಿಂದ, ಸುಮಾರು 500 ಮೀಟರು ಎತ್ತರಕ್ಕೆ ಯಂತ್ರಗಳಿಂದ ಎತ್ತಿ ತಂದ ನೀರು ಅದು. ಇದು ಸಾಮಾನ್ಯ ಸಾಧನೆಯಲ್ಲ. ಹೆಂಗಸರು ಬಾವಿಯಿಂದ ಸೇದಿ ಹೊರುವ ಕಷ್ಟವನ್ನು ಅದು ತಪ್ಪಿಸಿತು. ಆದರೆ ನೀರು ಕೊಳಾಯಿಯಲ್ಲಿ ಬಂದಮೇಲೆ ಕಾಲುವೆಯ ನೆನಪು ಹೋಯಿತು. 1948ರಲ್ಲಿ ಜಯನಗರಕ್ಕೆ ಅಡಿಗಲ್ಲು ಬಿದ್ದಿತು. ಊರು ದಕ್ಷಿಣಕ್ಕೆ ಬೆಳೆದಂತೆ ಗದ್ದೆ ನಿವೇಶನವಾಯಿತು, ಗದ್ದೆಗೆ ನೀರುಣಿಸಿದ ಕಾಲುವೆ ಮೋರಿಯಾಯಿತು. ಧರ್ಮಾಂಬುಧಿಯ ಜಾಗದಲ್ಲಿ ಇಂದು ಬಸ್ಸುಗಳು ನಿಲ್ಲುತ್ತವೆ. ‘ಬಿ.ಟಿ.ಎಂ. ಬಡಾವಣೆ’ ಎಂದು ದಿನವೂ ಹೇಳುವವರಲ್ಲಿ ಅದು ಬೈರಸಂದ್ರ, ತಾವರೆಕೆರೆ, ಮಡಿವಾಳ ಎಂಬ ಮೂರು ಹಳ್ಳಿಗಳ ಹೆಸರಿನ ಮೊದಲಕ್ಷರವೆಂದು ಎಷ್ಟು ಜನ ಬಲ್ಲರು? ತಾವರೆಯಿದ್ದ ಕೆರೆಯೊಂದು ಇಂಗ್ಲಿಷಿನ ಒಂದಕ್ಷರದಲ್ಲಿ ಅಡಗಿ ಕುಳಿತಿದೆ.

ಈಗ ಕೆರೆಗಳ ಮೇಲೆ ಜನರಿಗೆ ಪ್ರೀತಿ ಹುಟ್ಟಿದೆ, ಸಂತೋಷದ ಸಂಗತಿ. ಬೇಲಿ ಹಾಕಿ, ಹೂಳೆತ್ತಿ, ಸುತ್ತ ನಡೆಯುವ ದಾರಿ ಮಾಡುತ್ತಾರೆ. ಆದರೆ ಕೆರೆಗೆ ನೀರು ತರುವ ದಾರಿ? ಜೆ.ಪಿ. ನಗರದ ಪುಟ್ಟೇನಹಳ್ಳಿ ಕೆರೆಯನ್ನು ನೆರೆಹೊರೆಯ ನಾಗರಿಕರೇ ಮುಂದೆ ನಿಂತು ಉಳಿಸಿಕೊಂಡರು. ಸುತ್ತಲೂ ಮನೆಗಳೆದ್ದು ಹಳೆಯ ನೀರುದಾರಿಗಳು ಮುಚ್ಚಿಹೋಗಿದ್ದರಿಂದ ಮಳೆಯೊಂದನ್ನೇ ನೆಚ್ಚಲಾಗದೆ, ಪಕ್ಕದ ವಸತಿಗೃಹಗಳ ಬಳಸಿ ಶುದ್ಧಿಮಾಡಿದ ನೀರನ್ನೂ ಅದಕ್ಕೆ ಬಿಡಬೇಕಾಯಿತು. ದಾರಿ ಮುಚ್ಚಿದರೆ ಒಂದೇ ಊರು ಎರಡು ಸಂಕಟಗಳನ್ನು ಅನುಭವಿಸುತ್ತದೆ. 2022ರ ಸೆಪ್ಟೆಂಬರಿನಲ್ಲಿ ಬೆಳ್ಳಂದೂರಿನ ಕಡೆಯ ರಸ್ತೆಗಳಲ್ಲಿ ದೋಣಿಗಳು ಓಡಾಡಿದವು. 2024ರ ಬೇಸಗೆಯಲ್ಲಿ ಸಾವಿರಾರು ಕೊಳವೆಬಾವಿಗಳು ಬತ್ತಿ, ಜನ ಟ್ಯಾಂಕರಿನ ಹಾದಿ ಕಾದರು. ಮುಳುಗಿಸಿದ್ದೂ ಆಕಾಶದ ನೀರೇ, ಇಂಗದೆ ಹೋದದ್ದೂ ಅದೇ ನೀರು.

ನಾವು ಮಾಡಬಹುದಾದದ್ದೇನು? 1,200 ಚದರಡಿಯ ಮಾಳಿಗೆಯ ಮೇಲೆ ವರ್ಷಕ್ಕೆ ಬೀಳುವ ಮಳೆ ಸುಮಾರು ಒಂದು ಲಕ್ಷ ಲೀಟರು. ಲೆಕ್ಕ ಹಾಕಿ ನೋಡಿ. 2009ರ ಕಾನೂನು ತಿದ್ದುಪಡಿಯಂತೆ 60×40 ಅಡಿಯ ಮತ್ತು ಅದಕ್ಕೂ ದೊಡ್ಡ ನಿವೇಶನಗಳ ಹಳೆಯ ಮನೆಗಳಲ್ಲಿಯೂ, 30×40 ಅಡಿಯ ಮತ್ತು ಮೇಲ್ಪಟ್ಟ ನಿವೇಶನಗಳ ಹೊಸ ಮನೆಗಳಲ್ಲಿಯೂ ಮಳೆಯ ನೀರನ್ನು ಹಿಡಿಯುವುದು ಕಡ್ಡಾಯವಾಯಿತು. ಅದರ ಬಗೆಗಳನ್ನು ತೋರಿಸಲೆಂದೇ ಜಲಮಂಡಲಿ ಜಯನಗರದಲ್ಲಿ ವಿಶ್ವೇಶ್ವರಯ್ಯನವರ ಹೆಸರಿನ ಒಂದು ಉದ್ಯಾನವನ್ನು ಮಾಡಿತು. ದಂಡಕ್ಕೆ ಹೆದರಿ ಕೊಳವೆಯೊಂದನ್ನು ಸಿಕ್ಕಿಸಿ, ಮಾಳಿಗೆಯ ಕಸವನ್ನೂ ಗುಡಿಸದೆ ಬಿಟ್ಟರೆ ಮಾತ್ರ ಫಲವಿಲ್ಲ.

ಹನಿಹನಿ ಕೂಡಿದರೆ ಹಳ್ಳವೆಂದು ಮಕ್ಕಳಿಗೆ ಬಾಯಿಪಾಠ ಮಾಡಿಸುತ್ತ ಬಂದವನು ನಾನು. ಕೂಡುವುದಕ್ಕೆ ಒಂದು ದಾರಿ ಬೇಕೆಂಬುದನ್ನು ಸೇರಿಸಿ ಹೇಳಬೇಕಾಗಿತ್ತು. ಈ ಸಲ ಮೊದಲ ಮಳೆ ಬಂದಾಗ, ಮನೆಯ ಮಕ್ಕಳನ್ನು ಕರೆದುಕೊಂಡು ಕೊಡೆ ಹಿಡಿದು ನಿಮ್ಮ ಗೇಟಿನಲ್ಲಿ ಐದು ನಿಮಿಷ ನಿಲ್ಲಿರಿ. ನಿಮ್ಮ ಮಾಳಿಗೆಯ ನೀರು ಎಲ್ಲಿಗೆ ಹೋಗುತ್ತದೆ? ಬೀದಿಯ ಮೋರಿಯಿಂದ ಮುಂದೆ ಯಾವ ಕಡೆಗೆ ತಿರುಗುತ್ತದೆ? ಹಿಂದೆ ಅದು ಯಾವ ಕೆರೆಗೆ ಸೇರುತ್ತಿತ್ತು? ಮಕ್ಕಳಿಗೆ ಉತ್ತರ ತಿಳಿಯದಿದ್ದರೆ ಬೀದಿಯ ಹಿರಿಯರನ್ನು ಕೇಳಲಿ. ಬಲ್ಲವರು ಇನ್ನೂ ಕೆಲವರಿದ್ದಾರೆ.