ಹಾಸ್ಟೆಲ್ ಬಾಗಿಲಲ್ಲಿ ಕೂತಿದ್ದ ಆ ಹೆಂಗಸು: ಜೋಯಾ ಫ್ಯೋದೊರೊವಾ ಕಥೆ

'ಮಾಸ್ಕೋ ಕಣ್ಣೀರನ್ನು ನಂಬುವುದಿಲ್ಲ' ಅನ್ನೋ ರಷ್ಯನ್ ಸಿನಿಮಾ ನಿಮ್ಮಲ್ಲಿ ಕೆಲವರಾದರೂ ನೋಡಿರ್ತೀರಿ. 1981ರಲ್ಲಿ ಆಸ್ಕರ್ ಗೆದ್ದ ಚಿತ್ರ. ಅದರಲ್ಲಿ ಕೆಲಸಕ್ಕೆ ಬಂದ ಹುಡುಗಿಯರ ಹಾಸ್ಟೆಲ್ ಒಂದಿದೆ. ಬಾಗಿಲ ಹತ್ತಿರ ಕೂತು ಕಾವಲು ಕಾಯುವ ವಯಸ್ಸಾದ ಹೆಂಗಸಿನ ಒಂದು ಚಿಕ್ಕ ಪಾತ್ರ ಬರುತ್ತೆ. ಸಿನಿಮಾ ಮುಗಿದ ಮೇಲೆ ನಾನು ಆ ನಟಿಯ ಹೆಸರು ಹುಡುಕಿದೆ. ಜೋಯಾ ಫ್ಯೋದೊರೊವಾ.

ಅವರ ಚಿತ್ರಗಳ ಪಟ್ಟಿ ನೋಡಿದರೆ, 1940ರ ದಶಕದ ನಡುವೆ ಪಟ್ಟಿ ನಿಂತೇ ಹೋಗುತ್ತೆ. ಮತ್ತೆ ಶುರುವಾಗೋದು ಸುಮಾರು ಹತ್ತು ವರ್ಷ ಆದ ಮೇಲೆ. ನಮ್ಮ ಕೆಲಸದಲ್ಲಿ ಸರ್ವರ್ ಲಾಗಿನಲ್ಲಿ ಹೀಗೆ ಖಾಲಿ ಜಾಗ ಕಂಡರೆ, ಆ ಹೊತ್ತಲ್ಲಿ ಏನಾಯ್ತು ಅಂತ ಮೊದಲು ಕೇಳ್ತೀವಿ. ಇಲ್ಲೂ ಅದನ್ನೇ ಕೇಳೋಣ.

ಜೋಯಾ ಆ ಕಾಲದ ದೊಡ್ಡ ತಾರೆ. 1930ರ ದಶಕದ 'ಗೆಳತಿಯರು' ಚಿತ್ರದಿಂದ ಹೆಸರಾದರು. 1940ರಲ್ಲಿ 'ಸಂಗೀತದ ಕಥೆ' ಚಿತ್ರದಲ್ಲಿ ಪ್ರಸಿದ್ಧ ಗಾಯಕ ಸೆರ್ಗೆಯ್ ಲೆಮೆಶೆವ್ ಎದುರು ನಾಯಕಿ. 1941 ಮತ್ತು 1942, ಎರಡು ವರ್ಷ ಸಾಲಾಗಿ ಸ್ಟಾಲಿನ್ ಪ್ರಶಸ್ತಿ. ಸರ್ಕಾರವೇ ತಲೆ ಮೇಲೆ ಹೊತ್ತು ಮೆರೆಸಿದ ನಟಿ ಅನ್ನಿ.

1945ರಲ್ಲಿ ಮಾಸ್ಕೋದಲ್ಲಿ ಜಾಕ್ಸನ್ ಟೇಟ್ ಅನ್ನೋ ಅಮೆರಿಕನ್ ನೌಕಾಪಡೆಯ ಅಧಿಕಾರಿಯ ಪರಿಚಯವಾಯ್ತು. ಪರಿಚಯ ಪ್ರೀತಿಯಾಯ್ತು. ಆಗ ಅಮೆರಿಕ, ರಷ್ಯಾ ಎರಡೂ ಹಿಟ್ಲರ್ ವಿರುದ್ಧ ಒಂದೇ ಕಡೆ. ಯುದ್ಧ ಮುಗಿದದ್ದೇ ತಡ, ಟೇಟ್ ದೇಶ ಬಿಟ್ಟು ಹೋಗಬೇಕು ಅಂತ ಆದೇಶ ಬಂತು. ಜೋಯಾ ಗರ್ಭಿಣಿ ಅನ್ನೋದು ಅವರಿಗೆ ಗೊತ್ತೇ ಇರಲಿಲ್ಲ. 1946ರ ಜನವರಿಯಲ್ಲಿ ಮಗಳು ಹುಟ್ಟಿದಳು. ಯುದ್ಧ ಗೆದ್ದ ನೆನಪಿಗೆ ವಿಕ್ಟೋರಿಯಾ ಅಂತ ಹೆಸರಿಟ್ಟರು.

ಅದೇ ವರ್ಷ ಡಿಸೆಂಬರಿನಲ್ಲಿ ಜೋಯಾ ಬಂಧನವಾಯ್ತು. ಮಗುವಿಗಿನ್ನೂ ಒಂದು ವರ್ಷ ತುಂಬಿರಲಿಲ್ಲ. ಗೂಢಚಾರಿಕೆ ಆರೋಪ, 25 ವರ್ಷ ಶಿಕ್ಷೆ. ವ್ಲಾದಿಮಿರ್ ಜೈಲಿನಲ್ಲಿ ಅವರ ಜೊತೆಗಿದ್ದವರು ಯಾರು ಗೊತ್ತಾ? ಯುದ್ಧಕಾಲದಲ್ಲಿ ಸೈನಿಕರಿಗೆ ಹಾಡಿದ ಜಾನಪದ ಗಾಯಕಿ ಲಿದಿಯಾ ರುಸ್ಲಾನೊವಾ. ಮಗುವನ್ನು ಜೋಯಾ ಅವರ ಅಕ್ಕ ಅಲೆಕ್ಸಾಂದ್ರಾ ಸಾಕಿದರು. ಅವರನ್ನೂ ಕಝಾಕಿಸ್ತಾನಕ್ಕೆ ಗಡೀಪಾರು ಮಾಡಿದ್ದರು. ಆ ಮಗು ದೊಡ್ಡಮ್ಮನನ್ನೇ ಅಮ್ಮ ಅಂತ ತಿಳಿದು ಬೆಳೆಯಿತು.

ಸ್ಟಾಲಿನ್ ಸತ್ತು ಎರಡು ವರ್ಷವಾದ ಮೇಲೆ, 1955ರಲ್ಲಿ ಬಿಡುಗಡೆ. ತಪ್ಪೇನೂ ಇರಲಿಲ್ಲ ಅಂತ ಸರ್ಕಾರ ಒಪ್ಪಿಕೊಂಡಿತು. ಆದರೆ ಒಂಬತ್ತು ವರ್ಷದ ಮಗಳಿಗೆ, ನಾನು ನಿನ್ನ ಅಮ್ಮ ಅಂತ ಪರಿಚಯ ಹೇಳಿಕೊಳ್ಳಬೇಕಾದ ಸ್ಥಿತಿ! ಸಿನಿಮಾಕ್ಕೂ ವಾಪಸ್ ಬಂದರು. ಆದರೆ ನಾಯಕಿಯ ವಯಸ್ಸು ಜೈಲಲ್ಲೇ ಕಳೆದಿತ್ತು. ಇನ್ನು ಸಿಕ್ಕಿದ್ದು ಅಮ್ಮ, ಅಜ್ಜಿ, ಪಕ್ಕದ್ಮನೆಯವಳು ಇಂಥ ಪಾತ್ರಗಳು. ಒಂದೊಂದನ್ನೂ ಚೆನ್ನಾಗಿಯೇ ಮಾಡಿದರು.

ವಿಕ್ಟೋರಿಯಾ ಕೂಡ ನಟಿಯಾದರು. 1970ರ 'ಅಪರಾಧ ಮತ್ತು ಶಿಕ್ಷೆ' ಚಿತ್ರದಲ್ಲಿ ದುನ್ಯಾ ಅವರೇ. 1975ರಲ್ಲಿ ಅಮೆರಿಕಕ್ಕೆ ಹೋಗಿ, ಅಷ್ಟು ಹೊತ್ತಿಗೆ ನಿವೃತ್ತ ಅಡ್ಮಿರಲ್ ಆಗಿದ್ದ ತಂದೆಯನ್ನು ಮೊದಲ ಸಲ ಕಂಡರು. ಮರುವರ್ಷ ಜೋಯಾ ಕೂಡ ಹೋಗಿ ಟೇಟ್ ಅವರನ್ನು ಭೇಟಿಯಾದರು. ನಡುವೆ ಮೂವತ್ತೊಂದು ವರ್ಷ ಉರುಳಿತ್ತು. 1978ರಲ್ಲಿ ಟೇಟ್ ತೀರಿಕೊಂಡರು.

ಕೊನೆಯೂ ನೆಮ್ಮದಿಯದಲ್ಲ. 1981ರ ಡಿಸೆಂಬರಿನಲ್ಲಿ ಮಾಸ್ಕೋದ ಅವರ ಫ್ಲ್ಯಾಟಿನಲ್ಲೇ ಯಾರೋ ಗುಂಡಿಟ್ಟು ಕೊಂದರು. ಕೊಲೆಗಾರ ಸಿಗಲೇ ಇಲ್ಲ.

ನನಗನ್ನಿಸೋದು ಇಷ್ಟೇ. ನಿರಪರಾಧಿ ಅಂತ ಕಾಗದ ಕೊಟ್ಟರೆ ದಾಖಲೆ ಸರಿಹೋಗುತ್ತೆ. ಹೋದ ವರ್ಷಗಳು, ಮಗುವಿನ ಮೊದಲ ತೊದಲು ಮಾತು, ಮಾಡಬೇಕಿದ್ದ ಪಾತ್ರಗಳು ವಾಪಸ್ ಬರಲ್ಲ. ಆ ಸಿನಿಮಾ ಮತ್ತೆ ನೋಡಿದರೆ, ಬಾಗಿಲಲ್ಲಿ ಕೂತ ಆ ಹೆಂಗಸನ್ನು ಒಂದು ಕ್ಷಣ ನಿಲ್ಲಿಸಿ ನೋಡಿ. ಮುಂದಿನ ವಿಡಿಯೋದಲ್ಲಿ ಸಿಗೋಣ.