ಒಂದೇ ಮಣ್ಣು, ಎರಡು ಪರಿಹಾರ

ಅಮಾವಾಸ್ಯೆಯ ಗದ್ದಲ ಇಳಿದ ಮೇಲೆ ಉಕ್ಕಡಗಾತ್ರಿಗೆ ಹೋಗಿದ್ದೆ. ಹರಿಹರ ತಾಲ್ಲೂಕಿನ ಈ ಊರು ತುಂಗಭದ್ರೆಯ ದಂಡೆಯಲ್ಲಿದೆ. ದೆವ್ವದ ಕಾಟ ಬಿಡಲಿ, ಮನಸ್ಸಿನ ಕಾಯಿಲೆ ವಾಸಿಯಾಗಲಿ ಎಂದು ಹರಕೆ ಹೊತ್ತವರು ಕರಿಬಸವೇಶ್ವರ ಅಜ್ಜಯ್ಯನ ಗದ್ದುಗೆಗೆ ಬರುತ್ತಾರೆ. ಹೊಳೆಯ ಮೆಟ್ಟಿಲ ಮೇಲೆ ಹಿರಿಯರೊಬ್ಬರು ಮಾತಿಗೆ ಸಿಕ್ಕರು. ಮನೆಯವರ ಕಾಯಿಲೆಗೆಂದು ಬಂದಿದ್ದರು.

"ಪರಿಹಾರ ಆತಾ ಯಜಮಾನ್ರೇ?" ಎಂದೆ.

ಅವರು ನಕ್ಕರು. "ಯಾವ್ದು ಕೇಳ್ತೀಯಪ್ಪಾ? ಅಜ್ಜಯ್ಯಂದಾ, ಸರ್ಕಾರದ್ದಾ?"

ಅವರ ಹೊಲದ ಒಂದು ತುಂಡು ಹೆದ್ದಾರಿ ಅಗಲ ಮಾಡುವಾಗ ಹೋಗಿತ್ತಂತೆ. ಪಕ್ಕದಲ್ಲೇ ಇದ್ದ ಅಣ್ಣನ ಹೊಲ ಅದಕ್ಕೂ ಮೊದಲು ಕೆರೆಯ ಕೆಲಸಕ್ಕೆ ಹೋಗಿತ್ತು. "ಮಣ್ಣು ಒಂದೇ, ಬದು ಒಂದೇ. ಅವಂಗೆ ಮ್ಯಾಲೆ ಮೂವತ್ತು ಪರ್ಸೆಂಟ್ ಕೊಟ್ರು. ನಂಗೆ ಅದಿಲ್ಲ ಅಂದ್ರು. ಯಾಕೆ ಅಂತ ಇವತ್ತಿಗೂ ಯಾರೂ ಹೇಳಿಲ್ಲ."

ಆ 'ಯಾಕೆ'ಗೆ ಉತ್ತರ ಹುಡುಕುತ್ತ ಹೋದವನಿಗೆ ಮೊದಲು ಎದುರಾದದ್ದು 'ಪರಿಹಾರ' ಎಂಬ ಮಾತೇ. ನೆಲಕ್ಕೂ ಈ ಮಾತಿಗೂ ಇರುವ ನಂಟು ಹಳೆಯದು. ನಮ್ಮ ದಾನಶಾಸನಗಳಲ್ಲಿ 'ಸರ್ವಬಾಧಾಪರಿಹಾರ' ಎಂಬ ಮಾತು ಮತ್ತೆಮತ್ತೆ ಬರುತ್ತದೆ. ದಾನ ಪಡೆದವನಿಗೆ ಆ ಭೂಮಿಯ ಮೇಲೆ ಯಾವ ತೆರಿಗೆಯ, ಯಾವ ಹಕ್ಕುದಾರನ ಕಾಟವೂ ಇರದು ಎಂದು ಅದರ ಅರ್ಥ. ಕೊಟ್ಟ ಭೂಮಿಯನ್ನು ಕಸಿದವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟುತ್ತಾನೆಂಬ ಶಾಪವೂ ಶಾಸನದ ಕೊನೆಯಲ್ಲಿರುತ್ತಿತ್ತು.

1894ರ ಭೂಸ್ವಾಧೀನ ಕಾಯ್ದೆಯಲ್ಲಿ ಹೆಚ್ಚುಕಡಿಮೆ ಅದೇ ಮಾತಿದೆ, ಆದರೆ ದಿಕ್ಕು ತಿರುಗಿದೆ. ಸ್ವಾಧೀನವಾದ ಭೂಮಿ ಸಕಲ ಋಣಭಾರಗಳಿಂದ ಮುಕ್ತವಾಗಿ ಸರ್ಕಾರಕ್ಕೆ ಸೇರುತ್ತದೆ ಎನ್ನುತ್ತದೆ ಅದರ 16ನೆಯ ಕಲಮು. ಬಾಧೆಯಿಂದ ಬಿಡುಗಡೆ ಈಗ ಉಳುವವನಿಗಲ್ಲ, ಪಡೆಯುವ ಪ್ರಭುತ್ವಕ್ಕೆ. ಉಳುವವನ ಪಾಲಿಗೆ ಬಂದದ್ದು ಹಣದ ರೂಪದ 'ಪರಿಹಾರ'.

ಆದರೂ ಆ ಕಾಯ್ದೆಗೆ ಒಂದು ಅಳುಕಿತ್ತು. ಮಾರಲು ಮನಸ್ಸಿಲ್ಲದವನಿಂದ ಕಡ್ಡಾಯವಾಗಿ ಕೊಳ್ಳುತ್ತಿದ್ದೇವೆ ಎಂಬುದನ್ನು ಒಪ್ಪಿಕೊಂಡು, ಮಾರುಕಟ್ಟೆ ಬೆಲೆಯ ಮೇಲೆ ಶೇ 15ರಷ್ಟು ಹೆಚ್ಚು ಕೊಡಬೇಕೆಂದಿತ್ತು. 'ಸೊಲೇಷಿಯಂ' ಎಂದು ಕಚೇರಿಗಳಲ್ಲಿ ಕರೆಯುವುದು ಇದನ್ನೇ. ಸಮಾಧಾನದ ಹಣ ಎನ್ನಬಹುದು. 1984ರ ತಿದ್ದುಪಡಿ ಇದನ್ನು ಶೇ 30ಕ್ಕೆ ಏರಿಸಿತು. ಅಣ್ಣನಿಗೆ ಸಿಕ್ಕಿದ್ದು ಇದು.

ತಮ್ಮನ ಹೊಲವನ್ನು ಪಡೆದದ್ದು ಬೇರೆ ಕಾಯ್ದೆ. 1956ರ ರಾಷ್ಟ್ರೀಯ ಹೆದ್ದಾರಿ ಕಾಯ್ದೆಗೆ 1997ರಲ್ಲಿ ತಿದ್ದುಪಡಿ ತಂದು, ರಸ್ತೆಗೆ ಬೇಗ ಭೂಮಿ ಸಿಗುವಂತೆ ಪ್ರತ್ಯೇಕ ದಾರಿ ಮಾಡಲಾಯಿತು. 1894ರ ಕಾಯ್ದೆಯ ಯಾವುದೂ ಇಲ್ಲಿಗೆ ಅನ್ವಯಿಸದು ಎಂದು 3ಜೆ ಕಲಮು ಹೇಳಿತು. ಆ ಒಂದು ಸಾಲಿನಲ್ಲಿ ಸೊಲೇಷಿಯಂ ಹೋಯಿತು. ಲಕ್ಷ ರೂಪಾಯಿ ಬೆಲೆಯ ನೆಲ ಕೆರೆಗೆ ಹೋದರೆ ಕನಿಷ್ಠ 1,30,000. ಹೆದ್ದಾರಿಗೆ ಹೋದರೆ 1,00,000. ಇನ್ನೂ ಒಂದು ವ್ಯತ್ಯಾಸವಿತ್ತು. ಹೆದ್ದಾರಿ ಕಾಯ್ದೆಯಲ್ಲಿ ಘೋಷಣೆ ಹೊರಟೊಡನೆ ಭೂಮಿ ಸರ್ಕಾರದ್ದು. ಬೆಲೆಯ ಲೆಕ್ಕ ಆಮೇಲೆ. ತಕರಾರಿದ್ದರೆ ನೇರವಾಗಿ ಸಿವಿಲ್ ಕೋರ್ಟಿಗಲ್ಲ, ಕೇಂದ್ರ ಸರ್ಕಾರವೇ ನೇಮಿಸಿದ ಮಧ್ಯಸ್ಥಗಾರನ ಮುಂದೆ ಹೋಗಬೇಕು. ಆತ ಸಾಮಾನ್ಯವಾಗಿ ಸರ್ಕಾರಿ ಅಧಿಕಾರಿಯೇ. ಆ ತೀರ್ಪನ್ನು ಕೋರ್ಟು ರದ್ದು ಮಾಡಬಹುದು, ಮೊತ್ತವನ್ನು ತಾನೇ ಏರಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟು 2021ರಲ್ಲಿ ಸ್ಪಷ್ಟಪಡಿಸಿತು.

ಮುಂಬೈ–ಚೆನ್ನೈ ದಾರಿಯ ಸುವರ್ಣ ಚತುಷ್ಪಥ ಬೆಳಗಾವಿ, ಹಾವೇರಿ, ದಾವಣಗೆರೆ, ಚಿತ್ರದುರ್ಗ, ತುಮಕೂರು ಹಾದು ಹೋದದ್ದು ಈ ತಿದ್ದುಪಡಿಯ ನಂತರವೇ. ಆ ನಯವಾದ ರಸ್ತೆಯಲ್ಲಿ ನಾನೂ ನೂರಾರು ಸಲ ಓಡಾಡಿದ್ದೇನೆ. ಅದರ ಅಂಚಿನವರಿಗೆ ಸಮಾಧಾನದ ಹಣ ಸಿಗಲಿಲ್ಲ ಎಂಬುದು ನನಗೆ ಗೊತ್ತಿರಲಿಲ್ಲ.

ಹಾಗೆಂದು ಉತ್ತರ ಹೊಸದೇನಲ್ಲ. ನಾಗಪುರದ ನಗರಾಭಿವೃದ್ಧಿ ಟ್ರಸ್ಟಿನ ಪ್ರಕರಣದಲ್ಲಿ, 1970ರ ದಶಕದ ಆರಂಭದಲ್ಲೇ ಸುಪ್ರೀಂ ಕೋರ್ಟು ಅದನ್ನು ಹೇಳಿತ್ತು: ತನ್ನ ಭೂಮಿ ಯಾವ ಕಾಯ್ದೆಯಡಿ, ಯಾವ ಉದ್ದೇಶಕ್ಕೆ ಹೋಯಿತೆಂಬುದು ಕಳೆದುಕೊಂಡವನಿಗೆ ಮುಖ್ಯವಲ್ಲ, ಒಂದು ಕಾಯ್ದೆಯಲ್ಲಿ ಹೆಚ್ಚು, ಇನ್ನೊಂದರಲ್ಲಿ ಕಡಿಮೆ ಕೊಡುವುದು ಸಮಾನತೆಗೆ ವಿರುದ್ಧ. ಅದೇ ನ್ಯಾಯ ಹೆದ್ದಾರಿಯ ರೈತನನ್ನು ಮುಟ್ಟಲು 2019ರ ಸೆಪ್ಟೆಂಬರ್ 19 ಬರಬೇಕಾಯಿತು. ಅಂದು ಸುಪ್ರೀಂ ಕೋರ್ಟು ಸೊಲೇಷಿಯಂ ಮತ್ತು ಬಡ್ಡಿಯ ಮಟ್ಟಿಗೆ 3ಜೆ ಕಲಮು ಅಸಾಂವಿಧಾನಿಕ ಎಂದಿತು. ಈ ತೀರ್ಪು ಮುಂದಿನ ಪ್ರಕರಣಗಳಿಗೆ ಮಾತ್ರ ಅನ್ವಯಿಸಲಿ ಎಂಬ ಹೆದ್ದಾರಿ ಪ್ರಾಧಿಕಾರದ ಕೋರಿಕೆಯನ್ನು 2025ರ ಫೆಬ್ರವರಿ 4ರಂದು ಅದೇ ನ್ಯಾಯಾಲಯ ತಳ್ಳಿಹಾಕಿತು.

ಈ ನಡುವೆ 2013ರ ಹೊಸ ಕಾಯ್ದೆ ಬಂದಿತ್ತು. ಅದರಲ್ಲಿ ಸೊಲೇಷಿಯಂ ಶೇ 100. ಹಳ್ಳಿಯ ಭೂಮಿಯ ಬೆಲೆಯನ್ನು ಎರಡು ಪಟ್ಟಿನವರೆಗೂ ಏರಿಸಿ ಲೆಕ್ಕ ಹಾಕಬಹುದು. ಹೆದ್ದಾರಿಗೆ ಈ ಲೆಕ್ಕ ಅನ್ವಯವಾದದ್ದು 2015ರ ಜನವರಿ 1ರಿಂದ. ಹೀಗೆ 1997ರಿಂದ 2014ರ ಕೊನೆಯವರೆಗೆ ಹೊಲ ಕೊಟ್ಟವರು ಹಳೆಯ ಸಮಾಧಾನವೂ ಇಲ್ಲದೆ, ಹೊಸ ದರವೂ ಇಲ್ಲದೆ ನಡುವೆ ಸಿಕ್ಕಿಕೊಂಡರು.

ದರ ಕಡಿಮೆಯಾಯಿತೆಂಬ ದೂರು ಎಲ್ಲ ಕಾಲಕ್ಕೂ ಇದ್ದದ್ದೇ. ಹೆದ್ದಾರಿ ಪಕ್ಕದವರ ದೂರು ಅದಕ್ಕಿಂತ ಬೇರೆಯದು. ಅವರ ನೆಲವನ್ನು ಯಾರೂ ಕಡಿಮೆ ಅಳೆಯಲಿಲ್ಲ. ಅವರ ನೋವನ್ನು ಲೆಕ್ಕಕ್ಕೇ ಹಿಡಿಯಲಿಲ್ಲ. ಶೇ 30 ಎಂಬುದು ದೊಡ್ಡ ಹಣವಲ್ಲದಿರಬಹುದು. ಆದರೆ 'ನಿನಗೆ ಮನಸ್ಸಿರಲಿಲ್ಲ, ನಾವು ಕಿತ್ತುಕೊಂಡೆವು' ಎಂದು ಪ್ರಭುತ್ವ ಬರೆದುಕೊಡುತ್ತಿದ್ದ ಒಪ್ಪಿಗೆ ಅದೊಂದೇ.

ಎದ್ದು ಹೊರಡುವ ಮುನ್ನ ಇದನ್ನೆಲ್ಲ ತಿಳಿದಿದ್ದರೆ ಆ ಹಿರಿಯರಿಗೆ ಹೇಳುತ್ತಿದ್ದೆ. ಅಂದು ನನಗೆ ಕೇಳಲು ತೋಚಿದ್ದು ಒಂದೇ: "ಕಾಗದ ಇಟ್ಕಂಡಿದೀರಾ?"

"ಪ್ಲಾಸ್ಟಿಕ್ ಕವರ್‌ನಾಗೆ ಹಾಕಿ ದೇವರ ಮನೇಲಿ ಇಟ್ಟೀನಿ," ಎಂದರು. "ಯಾರಾರ ಕೇಳಿದ್ರೆ ತೋರ್ಸಾಕೆ."